ಭಂಗಾರ್, ಬಂಗಾರ ಮತ್ತು ಗುಣಾಢ್ಯನ ಏಳು ಲಕ್ಷ

ನಮ್ಮವ್ವ ಮೊದಲ ಸಲ ಪುಣೆಯ ಮನೆಗೆ ಬಂದಿದ್ದಳು. ಬೆಳಿಗ್ಗೆ ಒಂಬತ್ತರ ಹೊತ್ತಿಗೆ ಕೆಳಗಿನ ಓಣಿಯಲ್ಲಿ ಕೈಗಾಡಿಯವನೊಬ್ಬ ‘ಭಂಗಾರ್, ಭಂಗಾರ್‌ವಾಲೇ’ ಎಂದು ಕೂಗುತ್ತ ಹೋದ. ಅವ್ವ ಗ್ಯಾಲರಿಯಿಂದ ಬಗ್ಗಿ ನೋಡಿ, ‘ಏನೋ ತಮ್ಮಾ, ಈ ಊರಾಗ ಬಂಗಾರಾನೂ ಗಾಡೀ ಮ್ಯಾಲಿಟ್ಟು ಮಾರತಾರ?’ ಅಂತ ಕೇಳಿದಳು. ಮರಾಠಿಯಲ್ಲಿ ಭಂಗಾರ್ ಅಂದರೆ ಗುಜರಿ. ಮುರಿದ ಬಕೆಟ್ಟು, ತುಕ್ಕು ಹಿಡಿದ ಕಬ್ಬಿಣ, ಹಳೆಯ ವೈರು. ನಾವೆಲ್ಲ ನಕ್ಕೆವು. ಅವ್ವನೂ ನಕ್ಕಳು, ಆದರೆ ಅವತ್ತು ಮಧ್ಯಾಹ್ನದವರೆಗೆ ಹೆಚ್ಚು ಮಾತಾಡಲಿಲ್ಲ. ಮರಾಠಿ ಬಲ್ಲ ಸೊಸೆ, ಮೊಮ್ಮಗಳ ಎದುರು ತಪ್ಪು ಕೇಳಿಸಿಕೊಂಡೆನಲ್ಲ ಎಂಬ ಸಂಕೋಚ ಅದು. ನನಗೆ ಅದು ಹೊಳೆದದ್ದು ಬಹಳ ವರ್ಷಗಳ ಮೇಲೆ, ಪೈಠಣದಲ್ಲಿ.

ಹೋದ ವರ್ಷ ಛತ್ರಪತಿ ಸಂಭಾಜಿನಗರದ ವಾಳೂಜ್ ಕೈಗಾರಿಕಾ ಪ್ರದೇಶದಲ್ಲಿ ಒಂದು ಕಾರ್ಖಾನೆಯ ಹಳೆಯ ಸಾಫ್ಟ್‌ವೇರ್ ತೆಗೆದು ಹೊಸದು ಹಾಕುವ ಕೆಲಸಕ್ಕೆ ನನ್ನನ್ನು ಹಾಕಿದ್ದರು. ಐದು ತಿಂಗಳು ಹೋಟೆಲ್ ವಾಸ. ಅಲ್ಲಿಂದ ಪೈಠಣ ಹೆಚ್ಚುಕಡಿಮೆ ಐವತ್ತು ಕಿಲೋಮೀಟರು. ಒಂದು ಭಾನುವಾರ ಹೋದೆ. ಹೋಗುವವರು ಸಾಮಾನ್ಯವಾಗಿ ಏಕನಾಥರ ಸಮಾಧಿ ನೋಡಲು, ಜಾಯಕವಾಡಿ ಅಣೆಕಟ್ಟು ನೋಡಲು, ಇಲ್ಲವೆ ಪೈಠಣಿ ಸೀರೆ ಕೊಳ್ಳಲು ಹೋಗುತ್ತಾರೆ. ನಾನು ಹೋದದ್ದು ಗುಣಾಢ್ಯನ ಸಲುವಾಗಿ. ಕಥಾಸರಿತ್ಸಾಗರದ ಕನ್ನಡ ಅನುವಾದ ಆಗ ನನ್ನ ಬ್ಯಾಗಿನಲ್ಲಿತ್ತು. ಪೈಠಣವೇ ಶಾತವಾಹನರ ಪ್ರತಿಷ್ಠಾನ, ಗುಣಾಢ್ಯನ ಕಥೆ ನಡೆಯುವ ಊರು. ಗೋದಾವರಿಯ ಘಾಟಿನ ಮೆಟ್ಟಿಲ ಮೇಲೆ ಕುಳಿತು ಅದರ ಮೊದಲ ಲಂಬಕವನ್ನು ಮತ್ತೊಮ್ಮೆ ಓದಿದೆ.

ನಾನು ಸಾಹಿತ್ಯ ಓದಿದವನಲ್ಲ. ಎಂಟೆಕ್ ಮಾಡಿ ಇಪ್ಪತ್ತು ವರ್ಷದಿಂದ ಪ್ರಾಜೆಕ್ಟುಗಳ ಬೆನ್ನು ಬಿದ್ದವನು. ಹಾಗಾಗಿ ಇದನ್ನು ಪಂಡಿತರ ವಿಮರ್ಶೆ ಅಂತ ಓದಬೇಡಿ. ಭಯ, ಕನಸು, ಮಂಕು, ಕೆಲಸಕ್ಕೆ ಬಾರದ್ದು ಎನ್ನುವ ನಾಲ್ಕಕ್ಕೂ ನಾವು ಇಂಗ್ಲಿಷ್ ಶಬ್ದಗಳನ್ನೇ ಇಟ್ಟುಕೊಂಡಿದ್ದೇವೆ. ಅದು ಹೇಗಾಯಿತು, ಆದ ಮೇಲೆ ನಮಗೇನಾಯಿತು ಎಂಬುದನ್ನು ಈ ಹಳೆಯ ಕಥೆಯ ಜೊತೆಗಿಟ್ಟು ನೋಡುವ ಪ್ರಯತ್ನ ಇದು.

ಕಥೆ ಹಲವರಿಗೆ ಗೊತ್ತಿರುತ್ತದೆ, ಆದರೂ ಚಿಕ್ಕದಾಗಿ ಹೇಳುತ್ತೇನೆ. ಶಾತವಾಹನ ರಾಜ ರಾಣಿಯರ ಜೊತೆ ನೀರಾಟದಲ್ಲಿದ್ದಾನೆ. ದಣಿದ ಒಬ್ಬ ರಾಣಿ, ನೀರು ಎರಚಬೇಡ ಎಂದು ಸಂಸ್ಕೃತದಲ್ಲಿ ಹೇಳುತ್ತಾಳೆ. ‘ಮಾ’ ಮತ್ತು ‘ಉದಕ’ ಸಂಧಿಯಾಗಿ ‘ಮೋದಕ’ ಎಂದು ರಾಜನ ಕಿವಿಗೆ ಬೀಳುತ್ತದೆ. ಆತ ಸಿಹಿ ಮೋದಕ ತರಿಸುತ್ತಾನೆ. ರಾಣಿ ನಗುತ್ತಾಳೆ, ಪರಿವಾರವೂ ನಗುತ್ತದೆ. ರಾಜ ಅರಮನೆಗೆ ಬಂದು ಮಲಗಿಬಿಡುತ್ತಾನೆ. ಮಾತಿಲ್ಲ, ಊಟವಿಲ್ಲ. ಮಂತ್ರಿಗಳಾದ ಗುಣಾಢ್ಯ, ಶರ್ವವರ್ಮ ಇಬ್ಬರೂ ಬರುತ್ತಾರೆ. ಶರ್ವವರ್ಮ ತನಗೆ ಬಿದ್ದ ಕನಸು ಹೇಳುತ್ತಾನೆ. ಆಕಾಶದಿಂದ ತಾವರೆಯೊಂದು ಬಿತ್ತು, ದಿವ್ಯ ಕುಮಾರನೊಬ್ಬ ಅದನ್ನು ಅರಳಿಸಿದ, ಅದರೊಳಗಿಂದ ಬಿಳಿ ಸೀರೆಯ ದೇವಿ ಬಂದು ನಿನ್ನ ಬಾಯಿಯೊಳಗೆ ಹೊಕ್ಕಳು ಅಂತ. ರಾಜ ಆಗ ಬಾಯಿ ಬಿಟ್ಟು, ವ್ಯಾಕರಣ ಕಲಿಯಲು ಎಷ್ಟು ಕಾಲ ಬೇಕು ಎನ್ನುತ್ತಾನೆ. ಸಾಮಾನ್ಯವಾಗಿ ಹನ್ನೆರಡು ವರ್ಷ, ನಾನು ಆರು ವರ್ಷದಲ್ಲಿ ಕಲಿಸುತ್ತೇನೆ ಎಂದು ಗುಣಾಢ್ಯ. ಆರು ತಿಂಗಳು ಸಾಕು ಎಂದು ಶರ್ವವರ್ಮ. ಹಾಗೇನಾದರೂ ಆದರೆ ಸಂಸ್ಕೃತ, ಪ್ರಾಕೃತ, ದೇಶಭಾಷೆ ಮೂರನ್ನೂ ಬಿಟ್ಟೆ ಎಂದು ಗುಣಾಢ್ಯ ಪಣ ತೊಡುತ್ತಾನೆ.

ಶರ್ವವರ್ಮ ಗೆದ್ದ. ಆತನ ಕಾತಂತ್ರ ವ್ಯಾಕರಣ ಇವತ್ತಿಗೂ ಉಳಿದಿದೆ. ಗುಣಾಢ್ಯ ಮೌನಿಯಾಗಿ ವಿಂಧ್ಯದ ಕಾಡು ಸೇರಿದ. ಬಿಟ್ಟ ಮೂರು ಭಾಷೆಗಳ ಹೊರಗೆ ಉಳಿದದ್ದು ಪಿಶಾಚಿಗಳ ಭಾಷೆ ಒಂದೇ. ಅದರಲ್ಲಿ ಮಹಾಕಥೆಯನ್ನು ಕೇಳಿ, ಕಾಡಿನಲ್ಲಿ ಮಸಿ ಇಲ್ಲದ್ದರಿಂದ ತನ್ನದೇ ರಕ್ತದಿಂದ, ಏಳು ವರ್ಷ ಕುಳಿತು ಏಳು ಲಕ್ಷ ಶ್ಲೋಕ ಬರೆದ. ಶಿಷ್ಯರ ಕೈಯಲ್ಲಿ ರಾಜನಿಗೆ ಕಳಿಸಿದ. ರಾಜ ಅದನ್ನು ನೀರಸ ಎಂದು ತಿರಸ್ಕರಿಸಿದ. ಗುಣಾಢ್ಯ ಬೆಟ್ಟದ ಮೇಲೆ ಬೆಂಕಿ ಹಾಕಿ, ಒಂದೊಂದೇ ಎಲೆಯನ್ನು ಗಟ್ಟಿಯಾಗಿ ಓದಿ ಬೆಂಕಿಗೆ ಹಾಕಿದ. ಜಿಂಕೆ, ಹಂದಿ, ಕೋಣಗಳು ಮೇವು ಬಿಟ್ಟು ಸುತ್ತ ನಿಂತು ಕಣ್ಣೀರು ಹಾಕುತ್ತ ಕೇಳಿದವು. ಕೊನೆಗೆ ಉಳಿದದ್ದು ಒಂದು ಲಕ್ಷ.

*

ಮೊದಲು ಮಂಕು. ರಾಜನಿಗೆ ಆದದ್ದು ನಮ್ಮಲ್ಲಿ ಬಹುತೇಕರಿಗೆ ಆಗಿದೆ. ನನ್ನದನ್ನೇ ಹೇಳುತ್ತೇನೆ. ಕೆಲಸಕ್ಕೆ ಸೇರಿದ ಹೊಸತರಲ್ಲಿ ಅಮೆರಿಕದ ಗ್ರಾಹಕರ ಜೊತೆ ಫೋನ್ ಮೀಟಿಂಗು. ನಾನು ಒಂದು ವಿಷಯ ಎತ್ತಿದೆ. ಆ ಕಡೆಯವರು ‘ಲೆಟ್ಸ್ ಟೇಬಲ್ ಇಟ್’ ಅಂದರು. ನಾನು ಕಲಿತ ಇಂಗ್ಲಿಷಿನಲ್ಲಿ ಟೇಬಲ್ ಮಾಡುವುದೆಂದರೆ ಸದನದಲ್ಲಿ ಮಂಡಿಸುವುದು. ಅವರ ಇಂಗ್ಲಿಷಿನಲ್ಲಿ ಅದಕ್ಕೆ ಪಕ್ಕಕ್ಕಿಡು ಅಂತ ಅರ್ಥ. ನಾನು ಉತ್ಸಾಹದಿಂದ ಮಂಡಿಸಲು ಶುರುಮಾಡಿದೆ. ಎರಡು ನಿಮಿಷದ ಮೇಲೆ ಯಾರೋ ನಕ್ಕರು. ಆ ರಾತ್ರಿ ಊಟ ಸೇರಲಿಲ್ಲ. ನನ್ನ ಮೋದಕ ಅದು. ಅವ್ವನ ಮೋದಕ ಬಂಗಾರ.

ಇಲ್ಲಿ ಕಥೆಯ ಬಗ್ಗೆಯೇ ಒಂದು ಅನುಮಾನ ಎತ್ತಬೇಕು. ಚರಿತ್ರೆಯ ಶಾತವಾಹನರಿಗೆ ಸಂಸ್ಕೃತ ಬಾರದ್ದು ನಾಚಿಕೆಯ ಸಂಗತಿಯಾಗಿತ್ತು ಅನ್ನಲು ಆಧಾರ ಕಾಣುವುದಿಲ್ಲ. ಅವರ ಶಾಸನಗಳ ಭಾಷೆ ಪ್ರಾಕೃತ. ನಾಸಿಕದ ಪಾಂಡವಲೇಣಿಯ ಮೂರನೆಯ ಗುಹೆಯಲ್ಲಿ ಗೌತಮೀಪುತ್ರ ಶಾತಕರ್ಣಿಯ ತಾಯಿ ಬಾಲಶ್ರೀ ತೀರಿಹೋದ ಮಗನ ಗುಣಗಳನ್ನು ಕೊರೆಸಿದ್ದಾಳೆ. ಮೊಮ್ಮಗ ಪುಲುಮಾವಿಯ ಆಳ್ವಿಕೆಯ 19ನೆಯ ವರ್ಷದ ಆ ಶಾಸನ ಪೂರ್ತಿ ಪ್ರಾಕೃತದಲ್ಲಿದೆ. ಗಾಥಾಸಪ್ತಶತಿಯನ್ನು ಸಂಕಲಿಸಿದ ಹಾಲನೂ ಶಾತವಾಹನನೇ, ಅದೂ ಪ್ರಾಕೃತ. ಕುಂತಲದ ಶಾತವಾಹನ ರಾಜ ತನ್ನ ಅಂತಃಪುರದಲ್ಲಿ ಪ್ರಾಕೃತವನ್ನೇ ಆಡಬೇಕೆಂದು ನಿಯಮ ಮಾಡಿದ್ದನಂತೆ, ಹಾಗೆಂದು ರಾಜಶೇಖರ ಕಾವ್ಯಮೀಮಾಂಸೆಯಲ್ಲಿ ಬರೆಯುತ್ತಾನೆ. ಮೋದಕದ ಕಥೆ ನಮಗೆ ಸಿಗುವುದು ಸಾವಿರ ವರ್ಷ ಕಳೆದ ಮೇಲೆ, 11ನೆಯ ಶತಮಾನದ ಕಾಶ್ಮೀರದ ಕ್ಷೇಮೇಂದ್ರ ಮತ್ತು ಸೋಮದೇವರ ಸಂಸ್ಕೃತದಲ್ಲಿ. ಅಂದರೆ ರಾಜನ ಈ ನಾಚಿಕೆ ಅವನ ಕಾಲದ್ದಲ್ಲ, ಆಮೇಲೆ ಸಂಸ್ಕೃತದವರು ಅವನಿಗೆ ತೊಡಿಸಿದ್ದು ಎಂದು ನಾನು ಓದುತ್ತೇನೆ. ನಮ್ಮ ಅಜ್ಜ ಇಂಗ್ಲಿಷ್ ಬರುವುದಿಲ್ಲ ಅಂತ ಒಂದು ದಿನವೂ ಊಟ ಬಿಟ್ಟವನಲ್ಲ. ಅವನ ಪರವಾಗಿ ಈಗ ನಾವು ನಾಚಿಕೊಳ್ಳುತ್ತೇವೆ.

ಮಂಕಿಗೆ ಕನ್ನಡದಲ್ಲಿ ಎಷ್ಟು ಮಾತುಗಳಿವೆ ನೋಡಿ. ಬೇಸರ ಒಂದು ಸಂಜೆಯದು. ಕೊರಗು ಒಳಗೇ ತಿನ್ನುವಂಥದ್ದು, ಅದಕ್ಕೆ ಒಂದು ಕಾರಣ ಇರುತ್ತದೆ. ಅಳಲು ಇನ್ನೊಬ್ಬರ ಮುಂದೆ ತೋಡಿಕೊಳ್ಳುವುದು. ಹಳಹಳಿ ಆಗಿಹೋದದ್ದರ ಬಗ್ಗೆ. ಮಂಕು ಮಾತ್ರ ‘ಕವಿಯುತ್ತದೆ’, ಮೋಡ ಕವಿದ ಹಾಗೆ. ಅದಕ್ಕೆ ಕಾರಣ ಕೇಳಿದರೆ ಹೇಳಲು ಬರುವುದಿಲ್ಲ. ಆಫೀಸಿನಲ್ಲಿ ಈ ಐದಕ್ಕೂ ಒಂದೇ ಮಾತು: ಲೋ. ‘ಸ್ವಲ್ಪ ಲೋ ಇದೀನಿ ಸರ್.’

ಈ ಮಾತನ್ನು ನನಗೆ ಹೇಳಿದವನು ವಾಳೂಜಿನ ಅದೇ ಪ್ರಾಜೆಕ್ಟಿನ ಹುಡುಗ. ಗದಗ ಜಿಲ್ಲೆಯವನು, ನಮ್ಮೂರ ಕಡೆಯವನೇ. ಹಳೆಯ ಸಾಫ್ಟ್‌ವೇರಿನಿಂದ ಹೊಸದಕ್ಕೆ ಮಾಹಿತಿ ಸಾಗಿಸುವ ಭಾಗ ಅವನದು. ಒಂದು ರಾತ್ರಿ ಫೋನಿನಲ್ಲಿ, ‘ಸರ್, ಐ ಆಮ್ ಫೀಲಿಂಗ್ ಅ ಬಿಟ್ ಲೋ, ದಿಸ್ ಮಾಡ್ಯೂಲ್ ಈಸ್ ಅ ನೈಟ್‌ಮೇರ್’ ಅಂದ. ಇಬ್ಬರೂ ಕನ್ನಡದವರೇ, ಆದರೂ ಮಾತಾಡಿದ್ದು ಇಂಗ್ಲಿಷಿನಲ್ಲಿ. ಇಂಥ ಮಾತು ನಾನು ವಾರಕ್ಕೆ ಹತ್ತು ಸಲ ಕೇಳುತ್ತೇನೆ. ಬಿಲ್ಡ್ ತಡವಾದರೂ ನೈಟ್‌ಮೇರ್, ಟ್ರಾಫಿಕ್ಕಾದರೂ ನೈಟ್‌ಮೇರ್. ಸ್ಟೇಟಸ್ ರಿಪೋರ್ಟಿನಲ್ಲಿ ‘ಬ್ಯಾಂಡ್‌ವಿಡ್ತ್ ಸಮಸ್ಯೆ’ ಎಂದು ಬರೆದು ಮುಂದಿನ ಸಾಲಿಗೆ ಹೋದೆ.

*

ಇನ್ನು ಕನಸು. ಕನ್ನಡದಲ್ಲಿ ಕನಸು ‘ಬೀಳುತ್ತದೆ’. ನಿನ್ನೆ ರಾತ್ರಿ ಕೆಟ್ಟ ಕನಸು ಬಿತ್ತು ಅನ್ನುತ್ತೇವೆ. ಶರ್ವವರ್ಮನ ತಾವರೆಯೂ ಮೇಲಿನಿಂದ ಬಿದ್ದದ್ದೇ. ಬಿದ್ದ ಕನಸಿಗೆ ನಾವು ಹೊಣೆಯಲ್ಲ, ಅದು ಮಳೆಯ ಹಾಗೆ ಬರುವಂಥದ್ದು. ಈಗ ನಾವು ಹೆಚ್ಚಾಗಿ ಆಡುವುದು ‘ಕನಸು ಕಾಣು’ ಎಂಬುದನ್ನು, ಅದೂ ದೊಡ್ಡ ಕನಸು ಕಾಣು ಎಂಬ ಅರ್ಥದಲ್ಲಿ. ಡ್ರೀಮ್ ಜಾಬ್, ಡ್ರೀಮ್ ಹೋಮ್ ಇವುಗಳ ನೆರಳು ಅದರ ಮೇಲಿದೆ. ಇಂಥ ಕನಸನ್ನು ಕಾಣದೆ ಹೋದರೆ ತಪ್ಪು ನಮ್ಮದೇ.

ಇಂಗ್ಲಿಷನ್ನು ಇಲ್ಲಿ ದೂರುವುದು ಸುಲಭ, ಆದರೆ ಅದು ನ್ಯಾಯವಲ್ಲ. ಆ ಭಾಷೆಯ ಹಳೆಯ ರೂಪದಲ್ಲಿ ಡ್ರೀಮ್ ಎಂಬ ಶಬ್ದಕ್ಕೆ ಸಂತೋಷ, ಸಂಗೀತ, ಗದ್ದಲ ಎಂಬ ಅರ್ಥವಿತ್ತು. ನಿದ್ದೆಯಲ್ಲಿ ಕಾಣುವುದಕ್ಕೆ ಸ್ವೆವ್ನ್ ಎಂಬ ಬೇರೆಯೇ ಮಾತಿತ್ತು. ನೈಟ್‌ಮೇರಿನಲ್ಲಿರುವ ಮೇರ್ ಹೆಣ್ಣು ಕುದುರೆಯಲ್ಲ. ಮಲಗಿದವರ ಎದೆಯ ಮೇಲೆ ಬಂದು ಕೂತು ಉಸಿರು ಕಟ್ಟಿಸುವ ದೆವ್ವದ ಹೆಸರು ಅದು. ನಮ್ಮ ಹಳ್ಳಿಯಲ್ಲಿ ಎದೆ ಮೇಲೆ ಯಾರೋ ಕುಂತಂಗಾತು ಅನ್ನುತ್ತಿದ್ದ ಅನುಭವವನ್ನೇ ಅವರ ಹಳ್ಳಿಯವರೂ ಹೇಳಿದ್ದಾರೆ. ಡಿಸ್ಮಲ್ ಎಂಬ ಮಾತಿನ ಮೂಲ ಲ್ಯಾಟಿನ್ನಿನ ಕೆಟ್ಟ ದಿನಗಳು, ಮಧ್ಯಯುಗದ ಪಂಚಾಂಗದ ಅಶುಭ ದಿನಗಳು, ನಮ್ಮ ಅಮಾವಾಸ್ಯೆ, ರಾಹುಕಾಲಗಳ ಹಾಗೆ. ಪ್ಯಾನಿಕ್ ಎಂಬುದರಲ್ಲಿ ಕಾಡಿನಲ್ಲಿ ಹೆದರಿಸುವ ಪ್ಯಾನ್ ದೇವರಿದ್ದಾನೆ. ಹೀಗೆ ಇಂಗ್ಲಿಷಿನ ಕತ್ತಲೆಯ ಶಬ್ದಗಳಿಗೆ ಅವುಗಳದ್ದೇ ಊರು, ದೆವ್ವ, ಕಾಡು ಇವೆ. ನಮಗೆ ಅವು ತಲುಪುವ ಹೊತ್ತಿಗೆ ಎಲ್ಲ ತೊಳೆದು, ಇಸ್ತ್ರಿ ಮಾಡಿ, ಪವರ್‌ಪಾಯಿಂಟಿಗೆ ಹೊಂದುವ ಹಾಗೆ ಆಗಿರುತ್ತವೆ. ನಾನು ಇಂಗ್ಲಿಷ್ ಕಲಿತದ್ದು ಪರೀಕ್ಷೆಗೆ, ಆಮೇಲೆ ಆಫೀಸಿಗೆ. ಆ ಭಾಷೆಯಲ್ಲಿ ನನ್ನನ್ನು ಯಾರೂ ಮಲಗಿಸಿಲ್ಲ, ಹೆದರಿಸಿಲ್ಲ. ಹಾಗಾಗಿ ಆ ಹುಡುಗ ನೈಟ್‌ಮೇರ್ ಅಂದಾಗ ಎದೆ ಮೇಲೆ ಕೂತದ್ದು ನನಗೆ ಕಾಣಲಿಲ್ಲ.

*

ಭಯದ ವಿಷಯ ಇನ್ನೂ ಸ್ವಾರಸ್ಯದ್ದು. ಗುಣಾಢ್ಯ ಬರೆದ ಭಾಷೆಯ ಹೆಸರು ಪೈಶಾಚಿ. ಅದರಲ್ಲಿ ಬರೆದ ಇಡೀ ಕೃತಿ ಒಂದೂ ಉಳಿದಿಲ್ಲ. ವ್ಯಾಕರಣಕಾರರು ಕೊಟ್ಟ ಲಕ್ಷಣಗಳು, ಕೆಲವು ಉದಾಹರಣೆಗಳು ಉಳಿದಿವೆ. ಹೇಮಚಂದ್ರ ಹೇಳುವ ಒಂದು ಲಕ್ಷಣ, ದಕಾರ ತಕಾರವಾಗುತ್ತದೆ. ಮದನ ಎಂಬುದು ಮತನ, ದಾಮೋದರ ತಾಮೋತರ. ಪಿಶಾಚಿಗಳ ಭಾಷೆ ಅಂತ ಹೆದರಿಸಿದ್ದು ಕೊನೆಗೆ ಇದು. ಯಾರೋ ದ ಅನ್ನಬೇಕಾದಲ್ಲಿ ತ ಅನ್ನುತ್ತಿದ್ದರು. ದ್ರಾವಿಡ ಮಾತಿನ ಜನ ಆರ್ಯ ಭಾಷೆಯನ್ನು ಆಡಿದಾಗ ಹೀಗೆ ಕೇಳಿಸಿರಬಹುದು ಎಂದು ಊಹಿಸಿದ ವಿದ್ವಾಂಸರೂ ಇದ್ದಾರೆ. ಆ ಊಹೆಯನ್ನು ಎಲ್ಲರೂ ಒಪ್ಪುವುದಿಲ್ಲ. ಆದರೆ ಕಾಲ್ ಸೆಂಟರುಗಳ ಇಂಟರ್‌ವ್ಯೂ ನೋಡಿದ ನಮಗೆ ಇದು ಗುರುತಿನ ಸಂಗತಿ. ಅಲ್ಲಿ ಅಭ್ಯರ್ಥಿಯ ಹಾಳೆಯ ಮೇಲೆ ‘ಎಂಟಿಐ’ ಎಂದು ಮೂರಕ್ಷರ ಬರೆಯುತ್ತಾರೆ. ಮದರ್ ಟಂಗ್ ಇನ್‌ಫ್ಲುಯೆನ್ಸ್, ಅಂದರೆ ತಾಯ್ನುಡಿಯ ಸೋಂಕು. ಆ ಮೂರಕ್ಷರಕ್ಕೆ ಕೆಲಸ ಕಳೆದುಕೊಂಡವರು ನಮ್ಮ ಹುಬ್ಬಳ್ಳಿ, ಕಲಬುರಗಿ ಕಡೆ ಎಷ್ಟೋ ಜನ. ಪೈಶಾಚಿ ಎಂಬುದು ಅಂದಿನ ಎಂಟಿಐ ಇರಬಹುದೇ ಎಂದು ನನಗೆ ಅನ್ನಿಸುತ್ತದೆ.

ತಮಾಷೆಯೆಂದರೆ ನಮ್ಮ ಕಂಪ್ಯೂಟರ್ ಕೋಣೆಯ ತುಂಬ ಪಿಶಾಚಿಗಳೇ ಇವೆ. ಯಾರ ಕಣ್ಣಿಗೂ ಬೀಳದೆ ಹಿಂದೆ ದುಡಿಯುವ ಪ್ರೋಗ್ರಾಮಿಗೆ ಡೀಮನ್ ಎಂದು ಹೆಸರು. ಸತ್ತರೂ ಪಟ್ಟಿಯಿಂದ ಹೋಗದ ಪ್ರೋಗ್ರಾಮು ಜೋಂಬಿ. ನಾವು ದಿನವಿಡೀ ಹಿಡಿಯುವ ಬಗ್ ಎಂಬ ಮಾತಿಗೆ ಹಿಂದಿನ ಇಂಗ್ಲಿಷಿನಲ್ಲಿ ಬೆದರುಬೊಂಬೆ, ಭೂತ ಎಂಬ ಅರ್ಥವಿತ್ತು. ಕವರ್‌ಡೇಲ್ 1535ರಲ್ಲಿ ಮುದ್ರಿಸಿದ ಬೈಬಲ್ಲಿನ ಒಂದು ಕೀರ್ತನೆಯಲ್ಲಿ ರಾತ್ರಿಯ ಭಯಗಳಿಗೆ ಅದೇ ಶಬ್ದ ಬಳಸಿದ್ದಾನೆ. ಯಂತ್ರದ ದೋಷಕ್ಕೆ ಎಡಿಸನ್ 1878ರಲ್ಲೇ ಪತ್ರದಲ್ಲಿ ಬಗ್ ಅಂದಿದ್ದ. ಭೂತದ ಹೆಸರು, ಹುಳದ ಹೆಸರು, ದೋಷದ ಹೆಸರು ಮೂರೂ ಒಂದೇ ಆಗಿ ನಮ್ಮ ಕೈಗೆ ಬಂದಿದೆ. ಅವರ ಪಿಶಾಚಿಗಳಿಗೆ ನಾವು ಟಿಕೆಟ್ ನಂಬರು ಕೊಟ್ಟು ಗೌರವಿಸುತ್ತೇವೆ. ನಮ್ಮ ಒಳಗಿನ ದಿಗಿಲಿಗೆ ಒಂದು ಕಾಲಮ್ಮೂ ಇಲ್ಲ.

ದಿಗಿಲು ಎಂಬ ಮಾತನ್ನು ಬೇಕಂತಲೇ ಬಳಸಿದೆ. ನಮ್ಮಲ್ಲಿ ಅಂಜಿಕೆ ಬೇರೆ, ಹೆದರಿಕೆ ಬೇರೆ. ಅಪ್ಪನಿಗೆ, ದೇವರಿಗೆ, ನಾಲ್ಕು ಜನಕ್ಕೆ ಅಂಜುತ್ತೇವೆ. ಹಾವಿಗೆ ಹೆದರುತ್ತೇವೆ. ಅಳುಕು ಮಾತಿನ ನಡುವೆ ಸಣ್ಣಗೆ ಹಣಕುವ ಅನುಮಾನ. ಪುಕ್ಕಲು ಒಬ್ಬನ ಸ್ವಭಾವ. ಗಾಬರಿ ನಾವು ಮರಾಠಿಯವರ ಜೊತೆ ಹಂಚಿಕೊಂಡದ್ದು. ಪೈಠಣಕ್ಕೆ ಕರೆದೊಯ್ದ ಡ್ರೈವರ್ ಎದುರಿಗೆ ಲಾರಿ ಬಂದಾಗ ‘ಘಾಬರೂ ನಕಾ ಸಾಹೇಬ್’ ಅಂದದ್ದು ನನಗೆ ನೇರ ಎದೆಗೇ ಹೋಯಿತು. ದಿಗಿಲು ಅಂದರೆ ಎದುರಿಗೆ ಏನೂ ಇಲ್ಲದೆ ಎದೆ ಹಾರುವುದು. ಇವನ್ನೆಲ್ಲ ಒಟ್ಟಿಗೆ ಟೆನ್ಷನ್ ಎಂಬ ಒಂದು ಡಬ್ಬಿಗೆ ಹಾಕಿದಾಗ, ಯಾರಿಗೆ ಧೈರ್ಯ ಹೇಳಬೇಕು, ಯಾರ ಜೊತೆ ಸುಮ್ಮನೆ ಕೂರಬೇಕು, ಯಾರನ್ನು ಡಾಕ್ಟರ ಹತ್ತಿರ ಕಳಿಸಬೇಕು ಎಂಬುದು ತಿಳಿಯದೆ ಹೋಗುತ್ತದೆ.

*

ಕೊನೆಯದು ಕೆಲಸಕ್ಕೆ ಬಾರದ್ದು. ರಾಜ ಗುಣಾಢ್ಯನ ಕಥೆಯನ್ನು ಯಾಕೆ ಬೇಡವೆಂದ ಎಂಬುದನ್ನು ಸೋಮದೇವ ಸ್ಪಷ್ಟವಾಗಿ ಹೇಳಿದ್ದಾನೆ. ರಾಜ ಕೊಡುವ ಕಾರಣಗಳು ಮೂರು. ಏಳು ಲಕ್ಷದಷ್ಟು ಉದ್ದ, ಭಾಷೆ ಪೈಶಾಚಿ ಮತ್ತು ನೀರಸ, ಅಕ್ಷರ ರಕ್ತದ್ದು. ಗಮನಿಸಿದರೆ ಮೂರೂ ಕಥೆಯ ಹೊರಗಿನವು. ಅಳತೆ, ಮಾಧ್ಯಮ, ಮಸಿ. ಕಥೆಯಲ್ಲಿ ಏನಿದೆ ಎಂದು ಅವನು ಕೇಳಲೇ ಇಲ್ಲ. ಓದಿದಾಗ ನನಗೆ ಮೈ ಬೆಚ್ಚಗಾಯಿತು, ಯಾಕೆಂದರೆ ಡಾಕ್ಯುಮೆಂಟುಗಳನ್ನು ನಾನು ರಿವ್ಯೂ ಮಾಡುವುದು ಹೀಗೇ. ಪುಟ ಎಷ್ಟು, ಇಂಗ್ಲಿಷ್ ಹೇಗಿದೆ, ಟೆಂಪ್ಲೇಟಿನಲ್ಲಿದೆಯೇ.

ಇದಕ್ಕೆ ಎದುರಾಗಿ ಕನ್ನಡ ಕೆಲಸಕ್ಕೆ ಬಾರದ್ದನ್ನು ಹೇಗೆ ಹೆಸರಿಸುತ್ತದೆ ನೋಡಿ. ಜೊಳ್ಳು: ಸಿಪ್ಪೆ ಇದೆ, ಒಳಗೆ ಕಾಳು ಕಟ್ಟಿಲ್ಲ. ಹೊಟ್ಟು: ಕಾಳು ಇತ್ತು, ತೆಗೆದಾಗಿದೆ, ದನಕ್ಕೆ ಬರುತ್ತದೆ. ಟೊಳ್ಳು: ಹೊರಗೆ ಗಟ್ಟಿ, ಒಳಗೆ ಖಾಲಿ. ಗೊಡ್ಡು: ಈಯದ ಹಸು. ಬರಡು: ಬೆಳೆ ಬಾರದ ನೆಲ. ಇವೆಲ್ಲ ಕಣದಿಂದ, ಕೊಟ್ಟಿಗೆಯಿಂದ ಬಂದ ಮಾತುಗಳು. ಪ್ರತಿಯೊಂದೂ ಏನು ಇಲ್ಲ ಎಂಬುದನ್ನು ಹೇಳುತ್ತದೆ. ಜೊಳ್ಳು ಅನ್ನಬೇಕಾದರೆ ತೂರಿ ನೋಡಿರಬೇಕು. ಹಾಗೆ ತೂರದೆ ಹೇಳುವ ಮಾತು ವೇಸ್ಟ್. ವೇಸ್ಟ್ ಫೆಲೋ, ವೇಸ್ಟ್ ಮೀಟಿಂಗ್, ಟೈಮ್ ವೇಸ್ಟ್. ಇಂಗ್ಲಿಷಿನಲ್ಲೂ ಜಂಕ್ ಎಂಬುದು ಮೊದಲು ಹಡಗಿನ ಹಳೆಯ ಹಗ್ಗ, ಬಿಚ್ಚಿ ಮತ್ತೆ ಬಳಸುವಂಥದ್ದು. ನಮ್ಮ ಕಸುಬಿನಲ್ಲಿ ಇನ್ನೊಂದು ವಿಚಿತ್ರವಿದೆ. ಲೆಗಸಿ ಅಂದರೆ ಹಿರಿಯರು ಬಿಟ್ಟುಹೋದ ಆಸ್ತಿ. ಸಾಫ್ಟ್‌ವೇರಿನಲ್ಲಿ ಲೆಗಸಿ ಅಂದರೆ ಯಾರಿಗೂ ಬೇಡವಾದ ಹಳೆಯ ಕೋಡು. ವಾಳೂಜಿನಲ್ಲಿ ನಾವು ಕಿತ್ತು ಹಾಕಲು ಹೋದದ್ದು ಅದನ್ನೇ. ಬಂಗಾರ ಭಂಗಾರ್ ಆಗಲು ಮರಾಠಿಯೇ ಬೇಕೆಂದಿಲ್ಲ.

ಕಥೆಗೆ ಮರಳಿದರೆ, ರಾಜನಿಗೆ ಬುದ್ಧಿ ಬಂದ ಬಗೆ ನನಗೆ ಎಲ್ಲಕ್ಕಿಂತ ಹಿಡಿಸಿದ್ದು. ಅವನಿಗೆ ಕಾಯಿಲೆಯಾಯಿತು. ಒಣ ಮಾಂಸ ತಿಂದದ್ದರಿಂದ ಎಂದರು ವೈದ್ಯರು. ಅಡುಗೆಯವರನ್ನು ಕೇಳಿದರೆ ಬೇಡರು ತಂದದ್ದೇ ಹೀಗೆ ಎಂದರು. ಬೇಡರನ್ನು ಕೇಳಿದರೆ, ಬೆಟ್ಟದ ಮೇಲೆ ಒಬ್ಬ ಬ್ರಾಹ್ಮಣ ಎಲೆ ಓದಿ ಸುಡುತ್ತಿದ್ದಾನೆ, ಪ್ರಾಣಿಗಳು ಮೇಯುವುದನ್ನೇ ಬಿಟ್ಟು ಕೇಳುತ್ತಿವೆ, ಹಾಗಾಗಿ ಮಾಂಸ ಒಣಗಿದೆ ಎಂದರು. ತಾನು ರಸವಿಲ್ಲ ಎಂದು ನೂಕಿದ ಕಥೆಯಿಂದಲೇ ತನ್ನ ತಟ್ಟೆಯ ರಸ ಹೋಯಿತು. ಪೈಠಣದಲ್ಲೇ ಇನ್ನೊಂದು ಐತಿಹ್ಯವಿದೆ, ಜ್ಞಾನೇಶ್ವರರು ಪಂಡಿತರ ಎದುರು ಕೋಣದ ಬಾಯಲ್ಲಿ ವೇದ ಹೇಳಿಸಿದ್ದು. ಒಂದರಲ್ಲಿ ಕೋಣ ಕೇಳುತ್ತದೆ, ಇನ್ನೊಂದರಲ್ಲಿ ಹೇಳುತ್ತದೆ. ಯಾರ ಮಾತು ಮಾತು, ಯಾರ ಮಾತು ಬರೀ ಸದ್ದು ಎಂಬ ಜಗಳ ಆ ಊರಿಗೆ ಬಹಳ ಹಳೆಯದು.

*

ಇಷ್ಟು ಹೇಳಿದ ಮೇಲೆ ಕನ್ನಡದ ಶಬ್ದಗಳೆಲ್ಲ ಒಳ್ಳೆಯವು, ಇಂಗ್ಲಿಷಿನವು ಕೆಟ್ಟವು ಎಂದು ಮುಗಿಸಿಬಿಟ್ಟರೆ ಸುಳ್ಳಾಗುತ್ತದೆ. ನಮ್ಮೂರಲ್ಲಿ ಮಂಕು ಹಿಡಿದವರನ್ನು ದೆವ್ವ ಮೆಟ್ಟಿದೆ ಎಂದು ಬೇವಿನ ಸೊಪ್ಪಿನಿಂದ ಹೊಡೆಸಿದ್ದನ್ನು ನಾನು ಕಣ್ಣಾರೆ ಕಂಡಿದ್ದೇನೆ. ಡಿಪ್ರೆಷನ್ ಎಂಬ ಪರಕೀಯ ಮಾತು ಬಂದದ್ದರಿಂದ ಅದು ಕಾಯಿಲೆ, ಅದಕ್ಕೆ ಔಷಧಿ ಇದೆ ಎಂಬುದು ಎಷ್ಟೋ ಮನೆಗಳಿಗೆ ತಿಳಿಯಿತು. ನಿಮ್ಹಾನ್ಸಿನ ಡಾ. ಸಿ. ಆರ್. ಚಂದ್ರಶೇಖರ್ ಅಂಥವರು ಅದನ್ನೇ ಖಿನ್ನತೆ ಎಂದು ಕನ್ನಡದಲ್ಲಿ ಸಣ್ಣ ಸಣ್ಣ ಪುಸ್ತಕಗಳಲ್ಲಿ ಬರೆದು ಹಳ್ಳಿಯವರಿಗೂ ತಲುಪಿಸಿದರು. ಕೆಲವೊಮ್ಮೆ ದೂರದ ಶಬ್ದವೇ ಅನುಕೂಲ. ಹೆಂಡತಿಯ ಮುಂದೆ ಅಂಜಿಕೆ ಆಗುತ್ತಿದೆ ಎನ್ನಲಾರದ ಗಂಡಸು ಆಂಗ್ಸೈಟಿ ಇದೆ ಎಂದಾನು. ಅದೂ ಒಂದು ಬಾಗಿಲು. ನನ್ನ ತಕರಾರು ಬೇರೆ. ಆ ಬಾಗಿಲೊಂದೇ ಉಳಿದು ಉಳಿದೆಲ್ಲ ಬಾಗಿಲು ನಾವೇ ಮುಚ್ಚಿಕೊಂಡರೆ, ಒಳಗಿರುವವರ ಕೂಗು ಕೇಳುವುದಿಲ್ಲ. ಗುಣಾಢ್ಯ ಮೂರು ಭಾಷೆ ಬಿಟ್ಟದ್ದು ಸೋತ ಹಟದಲ್ಲಿ. ನಾವು ಯಾವ ಪಣವನ್ನೂ ಸೋಲದೆ ಬಿಡುತ್ತಿದ್ದೇವೆ.

ಆ ಹುಡುಗನ ಕಥೆ ಮುಗಿಸುತ್ತೇನೆ. ಅವನು 42 ಪುಟದ ಟಿಪ್ಪಣಿಯೊಂದನ್ನು ಕಳಿಸಿದ್ದ, ಮಾಹಿತಿ ಸಾಗಿಸುವಾಗ ಎಲ್ಲೆಲ್ಲಿ ಎಡವಬಹುದು ಎಂದು. ಇಂಗ್ಲಿಷ್ ಅಷ್ಟಕ್ಕಷ್ಟೇ ಇತ್ತು. ನಾನು ಮೂರು ಪುಟ ನೋಡಿ, ಬಹಳ ಉದ್ದವಾಯಿತು, ಎರಡು ಸ್ಲೈಡಿಗೆ ಇಳಿಸು ಎಂದು ವಾಪಸು ಕಳಿಸಿದೆ. ಅವನು ಇಳಿಸಲಿಲ್ಲ. ಎರಡು ವಾರದ ಮೇಲೆ ರಜೆ ಹಾಕಿ ಊರಿಗೆ ಹೋದ. ಫೋನ್ ತೆಗೆಯಲಿಲ್ಲ. ಒಂದು ಸಂಜೆ ಅವನ ನಂಬರಿನಿಂದಲೇ ಅವನ ತಾಯಿ ಮಾಡಿದರು.

‘ನಮಸ್ಕಾರ್ರೀ ಸರ್. ಅವಂಗ ಆರಾಮಿಲ್ರೀ. ಮಂಕ ಕವದೈತಿ. ಉಣ್ಣಾಕ ಕುಂತ್ರ ತುತ್ತು ಕೈಯಾಗ ಹಿಡಕೊಂಡು ಹಂಗ ಕುಂದರತಾನ್ರೀ. ರಾತ್ರಿ ಕನವರಿಸಿ ಎದ್ದು ಬೆವರತಾನು. ಏನಾಗೇತೋ ಅಂದ್ರ ನನ್ನ ಕೆಲಸ ಎಲ್ಲಾ ಜೊಳ್ಳವ್ವಾ ಅಂತಾನ್ರೀ. ನೀವು ಏನರೆ ಅಂದ್ರೇನ್ರೀ?’

ಆ ಐದಾರು ಮಾತಿನಲ್ಲಿ ನಾಲ್ಕೂ ಇದ್ದವು. ಅವನು ತಿಂಗಳ ಹಿಂದೆ ನನಗೆ ಹೇಳಿದ್ದೂ ಇದನ್ನೇ. ಲೋ, ನೈಟ್‌ಮೇರ್ ಎಂದು ಕೇಳಿದಾಗ ನನಗೆ ಬ್ಯಾಂಡ್‌ವಿಡ್ತ್ ಕಂಡಿತ್ತು. ಅವನ ತಾಯಿ ಹೇಳಿದಾಗ ಕೈಯಲ್ಲಿ ತುತ್ತು ಹಿಡಿದು ಕೂತ ಹುಡುಗ ಕಂಡ. ನಾನು ಏನೂ ಅಂದಿಲ್ಲ ಎಂದು ಹೇಳಲು ಹೋದೆ, ಬಾಯಿ ಬರಲಿಲ್ಲ. ಧಾರವಾಡದಲ್ಲಿ ಡಾಕ್ಟರಿಗೆ ತೋರಿಸಿರಿ ಎಂದಷ್ಟೇ ಅಂದೆ. ತೋರಿಸಿದರು. ಅವನು ಸುಧಾರಿಸಿದ, ಈಗ ಬೇರೆ ಕಡೆ ಕೆಲಸದಲ್ಲಿದ್ದಾನೆ. ನನಗೆ ಯುಗಾದಿ, ದೀಪಾವಳಿಗೆ ಮೆಸೇಜು ಕಳಿಸುತ್ತಾನೆ, ಅದಕ್ಕಿಂತ ಹೆಚ್ಚು ಮಾತಿಲ್ಲ. ಹೆಚ್ಚು ಮಾತು ಕೇಳುವ ಹಕ್ಕೂ ನನಗಿಲ್ಲ. ಟಿಪ್ಪಣಿಯನ್ನು ನಾನು ಪೂರ್ತಿ ಓದಿದ್ದು ಅವನು ಹೋದ ಮೇಲೆ. ಕಟ್‌ಓವರ್ ದಿನ ನಮ್ಮನ್ನು ಹದಿನಾಲ್ಕು ತಾಸು ನಿಲ್ಲಿಸಿದ ದೋಷ ಅದರ ಹದಿಮೂರನೆಯ ಪುಟದಲ್ಲಿತ್ತು.

ಆ ದೋಷ ಸರಿಪಡಿಸಿದ ವಾರದ ಕೊನೆಗೇ ನಾನು ಪೈಠಣಕ್ಕೆ ಹೋದದ್ದು.

ಗುಣಾಢ್ಯನ ಬೃಹತ್ಕಥೆ ಕನ್ನಡ ನಾಡಿಗೆ ಬೇಗನೇ ಬಂದಿದೆ. ಗಂಗ ಅರಸ ದುರ್ವಿನೀತ ಅದನ್ನು ಸಂಸ್ಕೃತಕ್ಕೆ ತಂದನೆಂದು ಗುಮ್ಮರೆಡ್ಡಿಪುರದ ತಾಮ್ರಶಾಸನ ಹೇಳುತ್ತದೆ. ಚಾಲುಕ್ಯ ಜಯಸಿಂಹನ ಬಳಿ ಸಂಧಿವಿಗ್ರಹಿಯಾಗಿದ್ದ ದುರ್ಗಸಿಂಹ 11ನೆಯ ಶತಮಾನದಲ್ಲಿ ಕನ್ನಡದಲ್ಲಿ ಪಂಚತಂತ್ರ ಬರೆದಾಗ, ಅದರ ಮೂಲ ವಸುಭಾಗಭಟ್ಟನದ್ದು, ಅವನು ಆರಿಸಿಕೊಂಡದ್ದು ಗುಣಾಢ್ಯನ ಕಥೆಗಳಿಂದ ಎಂದು ಹೇಳಿಕೊಂಡ. ದುರ್ಗಸಿಂಹ ಪಟ್ಟದಕಲ್ಲಿನ ಸುತ್ತಿನ ಕಿಸುಕಾಡು ನಾಡಿನ ಸಯ್ಯಡಿಯವನು, ಅಂದರೆ ನಮ್ಮ ಕಡೆಯವನೇ. ಆಸ್ಥಾನದಲ್ಲಿ ಸಂಸ್ಕೃತದಲ್ಲಿ ಪತ್ರ ಬರೆಯಬಲ್ಲ ಅಧಿಕಾರಿ, ಕಥೆ ಹೇಳಲು ಕನ್ನಡಕ್ಕೆ ಬಂದ. ನೌಕರಿಯ ಭಾಷೆ ಒಂದು, ಕಥೆಯ ಭಾಷೆ ಇನ್ನೊಂದು ಇದ್ದರೆ ತಪ್ಪೇನಿಲ್ಲ ಎಂಬುದಕ್ಕೆ ನನಗೆ ಅವನೇ ಸಾಕ್ಷಿ. ಎರಡರ ನಡುವೆ ಓಡಾಟ ಇರಬೇಕು ಅಷ್ಟೆ.

ಈಗ ಟೀಮಿನ ಕನ್ನಡದ ಹುಡುಗ ಹುಡುಗಿಯರ ಜೊತೆ ಒಬ್ಬೊಬ್ಬರಾಗಿ ಮಾತಾಡುವಾಗ ಮೊದಲ ಹತ್ತು ನಿಮಿಷ ಕನ್ನಡದಲ್ಲೇ ಮಾತಾಡುತ್ತೇನೆ. ಆರಂಭದಲ್ಲಿ ಇಬ್ಬರಿಗೂ ಮುಜುಗರ. ಯಾರಾದರೂ ಲೋ ಅಂದರೆ, ಅಂದ್ರ ಹೆಂಗಾಗ್ತದ, ಬ್ಯಾಸರಾನೋ ಅಂಜಿಕೀನೋ ಅಂತ ಕೇಳುತ್ತೇನೆ. ಕೆಲವರು ಉತ್ತರ ಕೊಡುತ್ತಾರೆ.

ಹೋದ ತಿಂಗಳು ಊರಿಗೆ ಹೋದಾಗ ಅವ್ವನಿಗೆ ಗುಣಾಢ್ಯನ ಕಥೆ ಪೂರ್ತಿ ಹೇಳಿದೆ. ಮೋದಕದ ಜಾಗಕ್ಕೆ ಬಂದಾಗ ಆಕೆ ನಗಲಿಲ್ಲ. ಸುಟ್ಟ ಆರು ಲಕ್ಷದ ಬಗ್ಗೆಯೂ ಏನೂ ಅನ್ನಲಿಲ್ಲ. ಎಲ್ಲ ಕೇಳಿ ಮುಗಿದ ಮೇಲೆ ಒಂದೇ ಮಾತು ಕೇಳಿದಳು: ‘ಆ ಪ್ರಾಣಿಗೋಳು ಆಮ್ಯಾಲರೆ ಮೇವು ತಿಂದ್ವೋ ಇಲ್ಲೋ?’